ಸುಬ್ರಾಯಜ್ಜನ ಸೂತಕ

ಸುಬ್ರಾಯಜ್ಜ ಹೋದ ಸುದ್ದಿ ಬಂದದ್ದು ಮಂಗಳವಾರ ಮಧ್ಯಾಹ್ನ, ನಾವು ಊಟಕ್ಕೆ ಕೂತಿದ್ದಾಗ. ಫೋನು ಎತ್ತಿದ್ದು ಆಯಿ. ಎಂಜಲು ಕೈಯನ್ನು ದೂರ ಹಿಡಿದುಕೊಂಡು, ಎಡಗೈಯಲ್ಲಿ ರಿಸೀವರು ಕಿವಿಗೆ ಒತ್ತಿಕೊಂಡು, "ಹೌದಾ? ಅಯ್ಯೋ ರಾಮಾ... ಯಾವಾಗ?" ಎನ್ನುತ್ತಿದ್ದಳು. ಫೋನು ಇಟ್ಟವಳು ನೇರ ಅಕ್ಕನ ಬಾಳೆಲೆಯ ಕಡೆ ನೋಡಿದಳು.

"ನಾಗವೇಣಿ, ಎದ್ಕ. ನಿಂಗೆ ಸೂತಕ ಬಂತು."

ಅಕ್ಕ ಕಲಸಿದ ತುತ್ತನ್ನು ಹಾಗೇ ಬಿಟ್ಟು ಎದ್ದಳು. ಯಾರು ಎಂದು ಕೇಳಿದ್ದು ಕೈ ತೊಳೆದ ಮೇಲೆ.

"ಸುಬ್ರಾಯ ಮಾಸ್ತರು. ಬೆಳಗಿನ ಜಾವ ಹೋದ್ವಡ. ನಿನ್ನ ಅತ್ತೆನೇ ಫೋನ್ ಮಾಡಿತ್ತು. ಅಳ್ತಾ ಇತ್ತು ಪಾಪ. ಕೇಸು ಕೇಸಿನ ದಾರಿಗೆ ಇರ್ಲಿ, ಸೂತಕ ತಿಳಿಸದೇ ಇರ್ಲಾಗ ಹೇಳಿ ಮಾಡಿದೆ ಹೇಳ್ತು."

ಸುಬ್ರಾಯ ಮಾಸ್ತರೆಂದರೆ ಭಾವನ ಅಜ್ಜನ ತಮ್ಮ. ಮದುವೆಯಾಗದೆ ಯಲ್ಲಾಪುರದ ಕಡೆಯ ಆ ಮನೆಯಲ್ಲೇ ಉಳಿದವರು, ಕನ್ನಡ ಶಾಲೆಯಲ್ಲಿ ಕಲಿಸಿ ನಿವೃತ್ತರಾದವರು. ಸೊಸೆಯಾಗಿ ಹೋದ ಅಕ್ಕನನ್ನು ಆ ಮನೆಯಲ್ಲಿ ನಗಿಸಿದವರು ಯಾರಾದರೂ ಇದ್ದರೆ ಅವರೊಬ್ಬರೇ. ಅಕ್ಕ ಬಚ್ಚಲಿಗೆ ಹೋಗಿ ತಲೆಯ ಮೇಲೆ ನೀರು ಹೊಯ್ದುಕೊಂಡಳು. ನೀರಿನ ಸದ್ದು ನಿಂತ ಮೇಲೂ ಬಿಕ್ಕುವ ಸದ್ದು ಕೇಳುತ್ತಿತ್ತು.

ಅಪ್ಪಯ್ಯ ಮಜ್ಜಿಗೆ ಸುರಿದುಕೊಂಡು, "ಗುರುವಾರ ಡೇಟಿದ್ದು" ಎಂದ.



ಕೋರ್ಟಿನ ಡೇಟು ಎಂಬ ಮಾತು ಶಿರಸಿಯ ನಮ್ಮ ಮನೆಯಲ್ಲಿ ಅನ್ನ, ಸಾರಿನಷ್ಟು ಬಳಕೆಯಾಗಿ ಎರಡೂವರೆ ವರ್ಷವಾಗಿತ್ತು. ಆಯಿಗೆ ಗರ್ಭಕೋಶದ ಆಪರೇಶನ್ ಆದಾಗ ನೋಡಿಕೊಳ್ಳಲು ಬಂದ ಅಕ್ಕ ತಿಂಗಳು ಕಳೆದು ಹಿಂದಿರುಗಿದರೆ, ಅವಳ ಟ್ರಂಕು ಜಗಲಿಯ ಮೇಲಿತ್ತು. ಅದಕ್ಕೂ ಮುಂಚಿನ ವರ್ಷ ಅವಳಿಗೆ ಐದು ತಿಂಗಳಿಗೆ ಗರ್ಭ ಇಳಿದುಹೋಗಿ, ಇನ್ನು ಮಕ್ಕಳಾಗುವುದಿಲ್ಲವೆಂದು ಡಾಕ್ಟರು ಹೇಳಿದ್ದರು. ಪ್ರಭಾಕರ ಭಾವ ಆ ದಿನ ಹೊರಗೇ ಬರಲಿಲ್ಲ. ಅತ್ತೆ ಪರಮೇಶ್ವರಿ ಬಾಗಿಲಲ್ಲಿ ನಿಂತು, "ನೀನು ಸದ್ಯ ಅಲ್ಲೇ ಇರು" ಎಂದರು. ಅಕ್ಕನ ನಾಲ್ಕು ವರ್ಷದ ಮಗಳು ಅಭಿಜ್ಞಾ ಅತ್ತೆಯ ಸೆರಗು ಹಿಡಿದುಕೊಂಡಿದ್ದಳು. ಆಮೇಲೆ ಬಂದದ್ದು ನೋಟೀಸು: ಹೆಂಡತಿ ಮನೆ ಬಿಟ್ಟು ಹೋಗಿದ್ದಾಳೆ, ವಿಚ್ಛೇದನ ಬೇಕು. ಅಕ್ಕ ಗಂಡನನ್ನೂ ಕೇಳಲಿಲ್ಲ, ಜೀವನಾಂಶವನ್ನೂ ಕೇಳಲಿಲ್ಲ. "ಅಭಿಜ್ಞಾ ಕೊಡ್ಲಿ, ಮತ್ತೆ ಅವ್ಕೆ ಎಂತ ಬೇಕೋ ತಗಳ್ಲಿ" ಎಂದಳು. ಕೇಸಿನಲ್ಲಿ ನಮಗಿದ್ದದ್ದು ಇದೊಂದೇ.

ಕೇಸು ನಡೆಯುತ್ತಿತ್ತು ಎನ್ನುವುದಕ್ಕಿಂತ ನಿಂತಿತ್ತು. ಒಂದು ಸಲ ಜಡ್ಜ್ ಸಾಹೇಬರಿಗೆ ವರ್ಗ. ಹೊಸಬರು ಬರುವವರೆಗೆ ಬರೀ ಮುಂದೂಡಿಕೆ. ಇನ್ನೊಂದು ಸಲ ವಕೀಲರ ಬಹಿಷ್ಕಾರ. ಒಂದು ಸಲ ಅವರ ವಕೀಲರಿಗೆ ಜ್ವರ, ಒಂದು ಸಲ ನಮ್ಮವರಿಗೆ ಧಾರವಾಡದಲ್ಲಿ ಕೆಲಸ. ಡೇಟು ಮುಂದೆ ಹೋದಾಗಲೆಲ್ಲ ಅಪ್ಪಯ್ಯ ಮನೆ ಮುಟ್ಟುವವರೆಗೂ ಬೈಯುತ್ತಿದ್ದ. ಅಕ್ಕ ಮಾತ್ರ ಬೈಯುತ್ತಿರಲಿಲ್ಲ. ಪ್ರತಿ ಡೇಟಿಗೂ ಮಗುವನ್ನು ಕರೆತರಬೇಕು, ಅರ್ಧ ತಾಸು ತಾಯಿಯ ಜೊತೆ ಬಿಡಬೇಕು ಎಂದು ಸಾಹೇಬರು ಹೇಳಿದ್ದರು. ಕೋರ್ಟಿನ ಜಗಲಿಯ ಕಂಬಕ್ಕೆ ಒರಗಿ ಅಕ್ಕ ಮಗಳಿಗೆ ತಲೆ ಬಾಚುತ್ತಿದ್ದಳು, ಡಬ್ಬಿಯಲ್ಲಿ ಒಯ್ದ ಸಿಹಿ ತೊಡೆದೇವು ತಿನ್ನಿಸುತ್ತಿದ್ದಳು.

ನಮ್ಮ ವಕೀಲರು ಶಂಕ್ರಪ್ಪ, ಬನವಾಸಿಯಿಂದಾಚೆಯವರು. ಹಿಂದಿನ ಡೇಟಿಗೆ ಅಕ್ಕನನ್ನು ಎದುರು ಕೂರಿಸಿಕೊಂಡು ಹೇಳಿದ್ದರು:

"ನೋಡವಾ, ಈಗ ಕಾನೂನು ಬದಲಾಗೇತಿ. ಕಟಕಟೆಯೊಳಗ ನಿಂತು ಉದ್ದಕ ಕಥಿ ಹೇಳೂದು ಬ್ಯಾಡ. ಹೇಳೂದೆಲ್ಲ ಪ್ರಮಾಣಪತ್ರದಾಗ ಬರದು, ದೇವರ ಹೆಸರಿನ ಮ್ಯಾಲೆ ಪ್ರಮಾಣ ಮಾಡಿ ಸಹಿ ಹಾಕಿದ್ರ ಅದಾ ನಿನ್ನ ಸಾಕ್ಷಿ. ಆದ್ರ ಈಗಾಗಲೇ ಎರಡು ಸಲ ಟೈಮ್ ಕೇಳೇವಿ. ಕಡೀ ಅವಕಾಶ ಅಂತ ಸಾಹೇಬ್ರು ಬರದಾರ. ಗುರುವಾರ ತಪ್ಪಸಬ್ಯಾಡ್ರಿ."

ಕಡೇ ಅವಕಾಶ ಎಂಬ ಮಾತನ್ನು ನಾವು ಅದಕ್ಕೂ ಮೊದಲು ಕೇಳಿದ್ದೆವು. ಅದಾದ ಮೇಲೂ ಡೇಟುಗಳು ಬಂದಿದ್ದವು.

ಮಂಗಳವಾರ ಸಂಜೆ ಜಗಳ ಶುರುವಾಯಿತು. ಅಕ್ಕ ಒಳಗೆ ಬರುವಂತಿರಲಿಲ್ಲ. ಹಿತ್ತಲ ಕಡೆಯ ಕೋಣೆಯಲ್ಲಿ ಚಾಪೆ ಹಾಕಿಕೊಂಡು, ಬಾಗಿಲ ಹೊಸ್ತಿಲಾಚೆ ಕೂತಿದ್ದಳು. ಅಪ್ಪಯ್ಯ ಮದುವೆ ಅಡುಗೆಯವನು. ಊರಲ್ಲಿ 'ಅಡುಗೆ ಮಾಬ್ಲ ಭಟ್ಟರು' ಎಂದರೆ ಗೊತ್ತು. ತುಳಸಿ ಹಬ್ಬ ಮುಗಿದು ಲಗ್ನ ಶುರುವಾಗಿದ್ದ ಕಾಲ. ಸಿದ್ದಾಪುರದಲ್ಲಿ ಶನಿವಾರದ ಮದುವೆ ಒಪ್ಪಿಕೊಂಡು, ಅಡುಗೆಯ ದೊಡ್ಡ ಚರಿಗೆಗಳನ್ನೆಲ್ಲ ಅಂಗಳದಲ್ಲಿ ಹುಣಸೆಹಣ್ಣು ಹಾಕಿ ತಿಕ್ಕಿಸುತ್ತಿದ್ದ. ಸೂತಕದವಳು ಮುಟ್ಟಿದ ಪಾತ್ರೆಯಲ್ಲಿ ಮದುವೆ ಅಡುಗೆ ಮಾಡಿದರೆಂದು ಯಾರಾದರೂ ಆಡಿಕೊಂಡರೆ ಮತ್ತೆ ಒಬ್ಬರೂ ಕರೆಯುವುದಿಲ್ಲ. ಆದರೂ ಅಕ್ಕ ಕೋರ್ಟಿಗೆ ಹೋಗಲೇಬೇಕು ಎಂದವನು ಅವನೇ.

"ಕೋರ್ಟಿಗೆ ಎಂತ ಸೂತಕ? ಅಲ್ಲೆಂತ ಸತ್ಯನಾರಾಯಣ ಕಥೆ ಮಾಡ್ತ್ವಾ? ಹೋಗಿ ಸಹಿ ಹಾಕಿ ಬರ್ಲಿ."

"ಬರೀ ಸಹಿ ಅಲ್ದ ಮಾಬ್ಲಾ," ಎಂದಳು ಅಜ್ಜಿ. ಅಪ್ಪಯ್ಯನ ತಾಯಿ. ಮಾತಾಡುವಾಗಲೂ ಬತ್ತಿ ಹೊಸೆಯುವುದನ್ನು ಬಿಡುವವಳಲ್ಲ. "ದೇವ್ರ ಹೆಸ್ರಲ್ಲಿ ಪ್ರಮಾಣ ಮಾಡವು ಹೇಳಿದ್ವಲೋ? ಸೂತಕದಲ್ಲಿ ದೇವ್ರಿಗೆ ದೀಪ ಹಚ್ಚಲಾಗ. ಪ್ರಮಾಣ ಮಾಡ್ಲಕ್ಕಾ?"

"ನಿನ್ನ ದೇವ್ರು ಹತ್ತು ದಿನ ರಜೆ ಹಾಕ್ತ್ನಾ ಅಬ್ಬೆ?"

"ರಜೆ ಹಾಕೂದು ಅವನಲ್ಲ, ಯಂಗ."

ಆಯಿ ನಡುವೆ ಬಂದಳು. "ನಿಂಗ ಹಾಂಗೆಲ್ಲ ಮಾತಾಡಡಿ. ಇದು ನಾಗವೇಣಿ ಕೂಸಿನ ಪ್ರಶ್ನೆ. ಸೂತಕದಲ್ಲಿ ಪ್ರಮಾಣ ಮಾಡಿ ಹೆಚ್ಚು ಕಡಿಮೆ ಆದ್ರೆ ಯಾರಿಗೆ ತಾಗ್ತು?"

ಕೊನೆಗೆ ಹೊಸ್ತಿಲಾಚೆಯಿಂದ ಅಕ್ಕನೇ ಹೇಳಿದಳು. ಅವಳ ಧ್ವನಿ ಅತ್ತು ಅತ್ತು ದಪ್ಪವಾಗಿತ್ತು.

"ಅಪ್ಪಯ್ಯ, ಯಂಗೊಬ್ಬಳಿಗೇ ಸೂತಕ ಅಲ್ಲ. ಅವ್ಕೂ ಸೂತಕವೇ. ಅವು ಮನೆ ಬಿಟ್ಟು ಬತ್ವಿಲ್ಲೆ, ಅಭಿಜ್ಞಾನ್ನೂ ಕರ್ಕ ಬತ್ವಿಲ್ಲೆ. ಎರಡೂ ಬದಿಯವು ಇಲ್ದೇ ಹೋದ್ರೆ ಕೋರ್ಟು ಎಂತ ಮಾಡ್ತು? ಡೇಟು ಕೊಡ್ತು."

ಅಪ್ಪಯ್ಯ ಎದ್ದು ಅಂಗಳದ ಚರಿಗೆಗಳ ಕಡೆ ಹೋದ. ಅಷ್ಟು ಸರಿಯಾಗಿತ್ತು ಆ ಮಾತು. ನಾನು ವಕೀಲರ ಆಫೀಸಿಗೆ ಫೋನು ಮಾಡಿದೆ. ಫೋನಿನಲ್ಲಿ ಮಾತಾಡುವುದೆಂದರೆ ನನಗೆ ಹೆದರಿಕೆ. ಹೇಳಬೇಕಾದ್ದನ್ನು ಮೊದಲೇ ಎರಡು ಸಲ ಮನಸ್ಸಿನಲ್ಲಿ ಹೇಳಿಕೊಂಡಿದ್ದೆ. ಎತ್ತಿದ್ದು ಗುಮಾಸ್ತ ಮಂಜಪ್ಪ.

"ವಕೀಲ್ರು ಬೆಂಗಳೂರಿಗೆ ಹೋಗ್ಯಾರ್ರಿ, ಗುರುವಾರ ಮುಂಜಾನೆ ಬರ್ತಾರ. ಸೂತಕ ಅಂದ್ರ ಏನ್ ಮಾಡೂದ್ರಿ, ಹೇಳ್ತೇನಿ. ಡೇಟ್ ತಗೊಂಡ್ರ ಆತು. ನಿಮ್ಮದೇನ್ ಹೊಸಾದಾ?"

ಗುರುವಾರ ಅಕ್ಕ ಒಗ್ಗರಣೆಯಿಲ್ಲದ ಸಾರು, ಅನ್ನ ಉಂಡು ಮಲಗಿದ್ದಳು. ಸಂಜೆ ಮಂಜಪ್ಪನೇ ಸೈಕಲ್ಲಿನಲ್ಲಿ ಬಂದ. ಅಂಗಳದಲ್ಲಿ ಬೋರಲು ಹಾಕಿದ್ದ ಚರಿಗೆಗಳ ನಡುವೆ ನಿಂತ. ಕೂರೆಂದರೂ ಕೂರಲಿಲ್ಲ.

"ಟೈಮ್ ಕೊಡ್ಲಿಲ್ರಿ ಭಟ್ರ. ನಮ್ಮ ವಕೀಲ್ರು ಬಸ್ಸು ಕೆಟ್ಟು ತಡಾ ಮಾಡಿ ಬಂದ್ರು. ಅಷ್ಟರಾಗ ಕೇಸು ಕೂಗಿಸಿಬಿಟ್ಟಿದ್ರು. ಅವರ ವಕೀಲ, ಎದ್ರು ಪಾರ್ಟಿ ಬಂದಿಲ್ಲ, ಪ್ರಮಾಣಪತ್ರಾನೂ ಇಲ್ಲ ಅಂದ. ನಿಮ್ಮ ಸಾಕ್ಷ್ಯ ಮುಗೀತು ಅಂತ ಬರದಾರ. ಇನ್ನ ವಾದ, ತೀರ್ಪು."

ಅಪ್ಪಯ್ಯ ಸೌಟು ಹಿಡಿದೇ ಕೇಳಿದ. "ಅವು ಬಂದಿದ್ವಾ?"

"ಬಂದಿದ್ರಲ್ರಿ. ಗಂಡ, ಅತ್ತಿ, ಮಗು. ಮಗು ಹಸರ ಫ್ರಾಕು ಹಾಕಿತ್ತು. ತಲಿ ತುಂಬ ಸೇವಂತಿ ಮುಡಿಸಿದ್ರು. ಅವ್ವ ಎಲ್ಲಿ ಅಂತ ನನ್ನೇ ಕೇಳ್ತು."

ಅಜ್ಜಿಯ ಬಾಯಿ ತೆರೆಯಿತು.

"ಸೂತಕದಲ್ಲಿ? ಹೂವು?"

"ಹೆಣ ಸುಟ್ಟ ಮೂರನೇ ದಿನಕ್ಕೆ!" ಎಂದಳು ಆಯಿ. "ಮಾಸ್ತರ ಪಿಂಚಣಿ ಉಂಡ ಜನ. ಹತ್ತು ದಿನ ಮನೆಲ್ಲಿ ಕೂತ್ಕಳಲೂ ಆಗ್ದೇ ಹೋತಾ?"

ಆ ರಾತ್ರಿ ಊಟಕ್ಕೆ ಕೂತವರೆಲ್ಲ ಮಾತಾಡಿದ್ದು ಅದನ್ನೇ. ಕೇಸು ಹೋಯಿತೆಂಬುದಕ್ಕಿಂತ, ಒಂದು ಮನೆಯವರು ಸೂತಕವನ್ನು ಹೀಗೆ ಮುರಿಯಬಲ್ಲರೆಂಬುದೇ ನಮಗೆ ದೊಡ್ಡದಾಗಿ ಕಂಡಿತು. ಇನ್ನೇನನ್ನಾದರೂ ಸಂಶಯಪಡಬೇಕಿತ್ತು ಎಂದು ಈಗ ಯಾರಾದರೂ ಹೇಳಬಹುದು. ಸಾವಿನ ಸುದ್ದಿಯನ್ನು ಸಂಶಯಪಡುವುದು ನಮ್ಮ ಕಡೆ ಯಾರಿಗೂ ಕಲಿಸಿದ ವಿದ್ಯೆಯಲ್ಲ. ಅಕ್ಕ ಉಳಿದ ದಿನಗಳನ್ನೂ ಬಿಡದೆ ಹಿಡಿದಳು. ಹನ್ನೊಂದನೆಯ ದಿನ ತಲೆಗೆ ಮಿಂದು, ಪಂಚಗವ್ಯ ಕುಡಿದು ಒಳಗೆ ಬಂದು, ಮಾಸ್ತರ ಹೆಸರು ಹೇಳಿ ದೇವರಿಗೆ ಒಂದು ದೀಪ ಹಚ್ಚಿದಳು.

ಶಂಕ್ರಪ್ಪ ವಕೀಲರು ಬೈದರು. ಬೈದು ಮುಗಿಸಿ, "ಇನ್ನೊಂದು ದಾರಿ ಐತಿ" ಎಂದರು. ಮುಗಿದ ಸಾಕ್ಷ್ಯವನ್ನು ಮತ್ತೆ ತೆರೆಯಿರಿ ಎಂದು ಅರ್ಜಿ ಹಾಕಬೇಕು. ಯಾಕೆ ಬರಲಾಗಲಿಲ್ಲ ಎಂದು ಅದರ ಜೊತೆ ಪ್ರಮಾಣಪತ್ರ ಕೊಡಬೇಕು. "ಸಾವು ಅಂದ್ರ ಸಾಹೇಬ್ರೂ ಮನುಷ್ಯರ, ಒಪ್ಕೋತಾರ."

ಟೈಪಾಗಿ ಬಂದ ಹಾಳೆಯನ್ನು ನಾನೇ ಅಕ್ಕನಿಗೆ ಓದಿದೆ. 'ನನ್ನ ಗಂಡನ ಅಜ್ಜನ ತಮ್ಮನವರಾದ ಸುಬ್ರಾಯ ಎಂಬವರು ದಿವಂಗತರಾದ್ದರಿಂದ ನಾನು ಆಶೌಚದಲ್ಲಿದ್ದು, ಮೇಲೆ ಹೇಳಿದ್ದು ನನ್ನ ತಿಳಿವಳಿಕೆಯಂತೆ ಸತ್ಯ.' ನೋಟರಿಯವರು, ದೇವರ ಹೆಸರಿನಲ್ಲಿ ಹೇಳಮ್ಮ, ಎಂದರು. ಅಕ್ಕ ಚಪ್ಪಲಿ ಹೊರಗೆ ಬಿಟ್ಟು ಬಂದು, ಪೂರ್ವಕ್ಕೆ ತಿರುಗಿ ನಿಂತು ಹೇಳಿದಳು. ನೋಟರಿಯವರಿಗೆ ನಗು ಬಂದಿರಬೇಕು, ಬಾಯಿಗೆ ಕೈ ಅಡ್ಡ ಹಿಡಿದರು.

ಡಿಸೆಂಬರ್ ಮೊದಲ ವಾರ ನಮ್ಮ ಅರ್ಜಿಗೆ ಆ ಕಡೆಯ ತಕರಾರು ಬಂತು. ಶಂಕ್ರಪ್ಪನವರು ಅಪ್ಪಯ್ಯನನ್ನೂ ನನ್ನನ್ನೂ ಕರೆಸಿ, ಕಾಗದವನ್ನು ಮೇಜಿನ ಮೇಲಿಟ್ಟು ಕನ್ನಡಕ ತೆಗೆದರು.

"ಭಟ್ರ, ಸತ್ತಾವ ಪ್ರಮಾಣಪತ್ರ ಹಾಕ್ಯಾನ."

ಇಂಗ್ಲಿಷಿನಲ್ಲಿತ್ತು. ನಾನು ಓದಿ ಹೇಳಿದೆ. ಸುಬ್ರಾಯನೆಂಬ ನಾನು ಜೀವಂತನಿದ್ದೇನೆ. ನಾನು ಸತ್ತಿದ್ದೇನೆಂದು ನಾಗವೇಣಿಯೆಂಬವರು ಪ್ರಮಾಣ ಮಾಡಿ ಹೇಳಿದ್ದು ಶುದ್ಧ ಸುಳ್ಳು. ಕೇಸನ್ನು ಎಳೆಯಲು ಹೂಡಿದ ಆಟ. ಸುಳ್ಳು ಪ್ರಮಾಣಕ್ಕಾಗಿ ಅವರ ಮೇಲೆ ಕ್ರಮ ತೆಗೆದುಕೊಳ್ಳಬೇಕು. ಇಂಥ ತಾಯಿಯ ಕೈಗೆ ಮಗುವನ್ನು ಕೊಡಬಾರದು. ಕೆಳಗೆ ಕನ್ನಡದಲ್ಲಿ, ನಡುಗುವ ಆದರೆ ದುಂಡಗಿನ ಮಾಸ್ತರ ಅಕ್ಷರದಲ್ಲಿ ಸಹಿ.

ಅಪ್ಪಯ್ಯ ಮೇಜು ಗುದ್ದಿದ. "ಸತ್ತವರ ಸಹಿ ಮಾಡಿದ್ದ ಕಳ್ಳ! ಸಿಕ್ಕಿಬಿದ್ದ! ವಕೀಲರೆ, ಮರಣ ದಾಖಲೆ ತಂದುಕೊಡ್ತೇನೆ. ನಾಳೆಯೇ."

ಅಪ್ಪಯ್ಯನನ್ನು ಅಷ್ಟು ಖುಷಿಯಲ್ಲಿ ಎರಡು ವರ್ಷದಲ್ಲಿ ನಾನು ನೋಡಿರಲಿಲ್ಲ. ಮರುದಿನ ಬೆಳಗಿನ ಬಸ್ಸಿಗೇ ಯಲ್ಲಾಪುರಕ್ಕೆ ಹೊರಟೆವು. ಇಂಗ್ಲಿಷ್ ಓದಲು ಬೇಕೆಂದು ನನ್ನನ್ನೂ ಕರೆದುಕೊಂಡ. ಬಸ್ಸಿಳಿದಾಗ ಹಸಿವೆಯಾಗಿತ್ತು. ಸ್ಟ್ಯಾಂಡಿನ ಎದುರಿನ ಹೋಟೆಲಿಗೆ ಹೊಕ್ಕೆವು. ಅಪ್ಪಯ್ಯ ಬನ್ಸಿನ ಬಣ್ಣ ನೋಡಿ, "ಸೋಡ ಜಾಸ್ತಿ" ಎಂದು ಗೊಣಗುತ್ತ ಕೂತ.

"ಯಾರು, ಮಾಬ್ಲನಾ?"

ಮೂಲೆಯ ಮೇಜಿನಲ್ಲಿ ಕಣ್ಣಿನ ಆಪರೇಶನ್ನಿನ ಕಪ್ಪು ಕನ್ನಡಕ ಹಾಕಿಕೊಂಡು, ಚಾವನ್ನು ಬಸಿಗೆ ಸುರಿದು ಊದುತ್ತಿದ್ದರು ಸುಬ್ರಾಯಜ್ಜ.

ಅಪ್ಪಯ್ಯ ಏಳಲು ಹೋದ. ಬೆಂಚು ಹಿಂದಕ್ಕೆ ಜರುಗಿ ಕಿರ್ ಎಂದಿತು. ಹತ್ತು ದಿನ ಈ ಮನುಷ್ಯನಿಗಾಗಿ ಅಕ್ಕನಿಗೆ ದೂರದಿಂದ ಅನ್ನ ಬಡಿಸಿದವಳು ನಾನೇ.

"ಎಂತ ಮಾರಾಯ, ಭೂತ ಕಂಡಾಂಗೆ ನೋಡ್ತೆ? ಕೂಸೆ, ನೀನು ಸಣ್ಣವಳಲ್ದ? ಡಿಗ್ರಿ ಮುಗತ್ತಾ?"

"ನಿಂಗ..." ಎಂದ ಅಪ್ಪಯ್ಯ. "ನಿಂಗ ಹೋದ್ರಿ ಹೇಳಿ..."

"ಎಲ್ಲಿಗೆ?"

ಹೇಳಲಾಗದೆ ಅಪ್ಪಯ್ಯ ನನ್ನ ಮುಖ ನೋಡಿದ. ನಾನು ಹೇಳಿದೆ. ಎಲ್ಲವನ್ನೂ ಹೇಳಿದೆ: ಫೋನು, ಸೂತಕ, ಗುರುವಾರ, ಅಕ್ಕನ ಪ್ರಮಾಣಪತ್ರ, ಅವರ ಪ್ರಮಾಣಪತ್ರ. ಅಜ್ಜ ಮೊದಲು ನಕ್ಕರು. "ಸುಳ್ಳು ಸಾವಿನ ಸುದ್ದಿ ಎದ್ರೆ ಆಯುಷ್ಯ ಹೆಚ್ಚಾಗ್ತಡ, ಅಡ್ಡಿಲ್ಲೆ" ಎಂದರು. ಆಮೇಲೆ ನಗು ಬಂದ ದಾರಿಯಲ್ಲೇ ಹಿಂದಕ್ಕೆ ಹೋಯಿತು.

"ಮಂಗಳವಾರವಾ?"

"ಮಂಗಳವಾರ ಮಧ್ಯಾಹ್ನ."

"ಆ ದಿನ ಆನು ಜಗಲಿ ಮೇಲೇ ಇದ್ದೆ. ಪರಮೇಶ್ವರಿ ಫೋನಲ್ಲಿ ಅಳ್ತಾ ಇತ್ತು. ಇಟ್ಟ ಮೇಲೆ, ಯಾರು ಹೋದ್ವೇ, ಕೇಳಿದೆ. ನಿಂಗಕ್ಕೆ ಗುರ್ತ ಇದ್ದವು ಅಲ್ಲ ಮಾವಯ್ಯ, ಹೇಳಿ ಒಳಗೆ ಹೋತು. ಆ ದಿನ ಮಧ್ಯಾಹ್ನಕ್ಕೆ ಪಾಯ್ಸ ಮಾಡಿತ್ತು."

ಬಸಿಯಲ್ಲಿದ್ದ ಚಾ ಆರಿ ಕೆನೆ ಕಟ್ಟಿತು.

"ಮತ್ತೆ ಆ ಸಹಿ?" ಎಂದ ಅಪ್ಪಯ್ಯ.

"ಬದುಕಿದ್ದಿ ಹೇಳಿ ವರ್ಷ ವರ್ಷ ನವೆಂಬರಲ್ಲಿ ಕಾಗದ ಕೊಡವಲೋ, ಪಿಂಚಣಿಗೆ. ಈ ಸಲ ಕಣ್ಣಿನ ಆಪರೇಶನ್ ಆಗಿ ತಡ ಆಗಿತ್ತು. ಪ್ರಭಾಕರ ಕರಿಕೋಟಿನವನೊಬ್ಬನ್ನ ಮನೆಗೇ ಕರ್ಕ ಬಂದ. ನೀವು ಬದುಕಿದ್ದೀರಿ ಅಂತ ಬರೆದದ್ದು ಅಜ್ಜ, ಸಹಿ ಮಾಡಿ, ಹೇಳಿದ ಅವ. ಮಾಡಿದೆ."

ಅಪ್ಪಯ್ಯ ಅವರ ಎರಡೂ ಕೈ ಹಿಡಿದುಕೊಂಡ. "ಇದನ್ನ ಕೋರ್ಟಲ್ಲಿ ಬಂದು ಹೇಳಿ. ಇಷ್ಟೇ ಸಾಕು. ಕಾರು ಮಾಡ್ಕ ಬಂದು ಕರ್ಕಂಡು ಹೋಗ್ತೆ."

ಸುಬ್ರಾಯಜ್ಜ ಕಪ್ಪು ಕನ್ನಡಕದ ಮುಖವನ್ನು ಬೀದಿಯ ಕಡೆ ತಿರುಗಿಸಿದರು.

"ಮಾಬ್ಲಾ, ಸಂಜಪ್ಪಾಗ ಆನು ಆ ಮನೆಗೇ ಹೋಗಿ ಉಣ್ಣವಲೋ."

"ಯಮ್ಮನೆಲ್ಲಿ ಇರಿ. ಕಡೆವರೆಗೂ ಇರಿ. ಅನ್ನ ಹಾಕ್ತೆ."

"ಎಂಬತ್ತೆರಡು ವರ್ಷಕ್ಕೆ ಮನೆ ಬಿಟ್ಟು ಬೀಗರ ಮನೆಲ್ಲಿ ಕೂತ್ಕಂಬದಾ?" ಕೈ ಬಿಡಿಸಿಕೊಂಡರು. "ಮತ್ತೆ ಆನು ಹಾಕಿದ ಸಹಿ ಸುಳ್ಳಲ್ಲ ನೋಡು. ಬದುಕಿದ್ದಿ ಹೇಳೇ ಹಾಕಿದ್ದು. ಬದುಕಿದ್ದಿ." ಎದ್ದು ಎರಡು ಹೆಜ್ಜೆ ಹೋದವರು ತಿರುಗಿ ನಿಂತು ನನ್ನನ್ನು ಕೇಳಿದರು: "ನಾಗವೇಣಿ ಪೂರಾ ಹತ್ತು ದಿನ ಸೂತಕ ಹಿಡಿತ್ತಾ, ಕೂಸೆ?"

"ಹಿಡಿತ್ತು ಅಜ್ಜ."

ಅವರು ಗೋಡೆ ಹಿಡಿದುಕೊಂಡು ಮೆಟ್ಟಿಲಿಳಿದರು.

ಮನೆಯಲ್ಲಿ ಈ ಸುದ್ದಿ ಹೇಳುವುದು ಸಾವಿನ ಸುದ್ದಿ ಹೇಳುವುದಕ್ಕಿಂತ ಕಷ್ಟವಾಯಿತು. ಆಯಿ ನಂಬಲಿಲ್ಲ. "ಆನೇ ಕೇಳಿದ್ದು! ಬಿಕ್ಕಿ ಬಿಕ್ಕಿ ಅಳ್ತಾ ಇತ್ತು! ಅದು ಮಿಂದು ಮಡಿ ಉಟ್ಗಳದೇ ನೀರೂ ಕುಡಿಯದ ಹೆಂಗಸು!" ಎಂದು ಅದನ್ನೇ ಮತ್ತೆ ಮತ್ತೆ ಹೇಳಿದಳು. ಅಜ್ಜಿ ಹೊಸೆದ ಬತ್ತಿಗಳನ್ನು ಮಡಿಲಿನಿಂದ ಕೊಡವಿದಳು. "ಬದುಕಿದ್ದವನ ಹೆಸರಲ್ಲಿ ಸೂತಕ ಹೇಳಿದ್ವಾ," ಎಂದಳು, "ಎನ್ನ ಬಾಯಲ್ಲೇ ಕೂಸನ್ನ ಕೂರ್ಸಿ ಹಾಕ್ಸಿದ್ವಾ." ಆ ದಿನ ಅವಳು ಉಣ್ಣಲಿಲ್ಲ.

ಅಕ್ಕ ಕೇಳಿದ್ದು ಒಂದೇ. "ಹಂಗಾರೆ ಆನು ದೇವ್ರ ಹೆಸ್ರಲ್ಲಿ ಹೇಳಿದ್ದು ಸುಳ್ಳಾತು ಅಲ್ದಾ?"

"ಗೊತ್ತಿಲ್ದೇ ಹೇಳಿದ್ದು ಸುಳ್ಳಲ್ಲ ಅಕ್ಕ," ಎಂದೆ.

"ಗೊತ್ತಿಲ್ದೇ ಮೆಟ್ಟಿದ್ರೆ ಮುಳ್ಳು ಹೆಟ್ತಿಲ್ಯಾ?" ಎಂದಳು.

ಅರ್ಜಿಯ ವಿಚಾರಣೆ ಕ್ರಿಸ್‌ಮಸ್ ರಜೆ ದಾಟಿ ಜನವರಿಗೆ ಹೋಯಿತು. ಶಂಕ್ರಪ್ಪನವರು ಧೈರ್ಯ ಬಿಟ್ಟಿರಲಿಲ್ಲ. "ಫೋನ್ ಬಂದಿತ್ತು ಅಂತ ನಿಮ್ಮ ತಾಯಿ ಪ್ರಮಾಣಪತ್ರ ಹಾಕ್ಲಿ. ಯಾವ ನಂಬರಿನಿಂದ ಬಂತು ಅಂತ ಟೆಲಿಫೋನ್ ಆಫೀಸಿನಿಂದ ತರಸೂಣು. ಸಾಹೇಬ್ರ ಮುಂದ ನೀನೂ ಗಟ್ಟಿಯಾಗಿ ಹೇಳು ನಾಗವೇಣಿ: ನನ್ನ ಅತ್ತಿ ಫೋನ್ ಮಾಡಿದ್ರು, ನಾ ನಂಬಿದೆ. ಇಷ್ಟು ಹೇಳಿದ್ರ ಅರ್ಜಿ ಪಾಸು. ಮಗು ನಿನ್ನ ಕಡೆ ಬರೂ ಹಾದಿ ಇದೊಂದೇ ಐತಿ." ಆಯಿ ಸಹಿ ಹಾಕಿದಳು. ಹಾಕುವಾಗ, "ಬರ್ಲಿ ಕಟಕಟೆಗೆ, ಕೇಳ್ತೆ" ಎಂದಳು.

ಆ ದಿನ ಅಜ್ಜಿ ಒಬ್ಬಳನ್ನು ಬಿಟ್ಟು ಎಲ್ಲರೂ ಹೋದೆವು. ಅಪ್ಪಯ್ಯ ಗೇಟಿನಲ್ಲೇ ನಿಂತು ಯಲ್ಲಾಪುರದ ಬಸ್ಸುಗಳಿಂದ ಇಳಿದವರನ್ನು ನೋಡುತ್ತಿದ್ದ. ಪ್ರಭಾಕರ ಭಾವ ಬಂದ, ಅತ್ತೆ ಬಂದರು, ಅಭಿಜ್ಞಾ ಬಂದಳು. ಸುಬ್ರಾಯಜ್ಜ ಬರಲಿಲ್ಲ.

ಅಭಿಜ್ಞಾ ಓಡಿ ಬಂದು ಅಕ್ಕನ ಮಡಿಲಿಗೆ ಬಿದ್ದಳು. ಮುಂದಿನ ಹಲ್ಲು ಬಿದ್ದಿತ್ತು. ಅದನ್ನು ತೋರಿಸಿ ಆಗುವಷ್ಟರಲ್ಲಿ ಆಯಿ ಜಗಲಿಯ ಆ ತುದಿಗೆ ಹೋಗಿ ನಿಂತಾಗಿತ್ತು.

"ಅತ್ತಿಗೆ, ನಿಂಗನೇ ಅಲ್ದಾ ಫೋನ್ ಮಾಡಿದ್ದು?"

"ಯಾವ ಫೋನು?"

"ಮಾಸ್ತರು ಹೋದ್ರು ಹೇಳಿ ಅತ್ತಿದ್ರಲಿ!"

"ಮಾಸ್ತರು ಮನೆಲ್ಲಿ ಗಟ್ಟಿಮುಟ್ಟಾಗಿ ಇದ್ದ. ಅವು ಹೋದ್ರು ಹೇಳಿ ಆನೆಂತಕ್ಕೆ ಹೇಳ್ಲಿ? ನಿಂಗಳ ಮಗಳನ್ನ ಉಳಿಸ್ಕಂಬಲೆ ಎನ್ನ ತಲೆ ಮೇಲೆ ಹಾಕಡಿ."

ಸುತ್ತಲಿದ್ದ ಜನ ತಿರುಗಿದರು. ಅಪ್ಪಯ್ಯ ಓಡಿ ಬಂದ. ಪ್ರಭಾಕರ ಭಾವ ತನ್ನ ತಾಯಿಗೆ, "ಆಯಿ, ಸುಮ್ನಿರು" ಎಂದ. ಆದರೆ ಅತ್ತೆ ಸುಮ್ಮನಿರುವ ಹಂತ ದಾಟಿದ್ದರು. ಮುಖ ಕೆಂಪಗಾಗಿತ್ತು.

"ಸುಮ್ನಿರದು ಎಂತಕ್ಕೆ? ಎಂತ ಹೆದ್ರಿಕೆ? ಇಲ್ಲೇ ಪ್ರಮಾಣ ಮಾಡ್ತೆ. ಒಳಗೆ ಸಾಹೇಬ್ರ ಎದುರಿಗೂ ಮಾಡ್ತೆ. ಅಭಿಜ್ಞಾ, ಬಾ ಇಲ್ಲಿ."

ಮಗು ಬಂದಳು. ತನ್ನ ಅಜ್ಜಿ ಕರೆದಳೆಂದು ಬಂದಳು, ಅಷ್ಟೇ. ಅತ್ತೆ ಅಗಲವಾದ ಅಂಗೈಯನ್ನು ಅವಳ ಬೈತಲೆಯ ಮೇಲಿಟ್ಟರು.

"ಈ ಕೂಸಿನ ಆಣೆಗೂ ಆನು..."

"ಬೇಡ! ಹೇಳಡಿ!"

ಅಕ್ಕ ಅಷ್ಟು ಜೋರಾಗಿ ಕೂಗಿದ್ದನ್ನು ನಾನು ಹುಟ್ಟಿದಾಗಿನಿಂದ ಕೇಳಿರಲಿಲ್ಲ. ಒಳಗಿನಿಂದ ಪೊಲೀಸಿನವ ಇಣುಕಿದ. ಅವಳು ಬರಿಗಾಲಲ್ಲಿ ಓಡಿಹೋಗಿ ಅತ್ತೆಯ ಮಣಿಕಟ್ಟು ಹಿಡಿದಿದ್ದಳು.

"ಹೇಳಡಿ ಅತ್ತೆ. ಕೈ ತೆಗೀರಿ. ನಿಂಗ ಫೋನ್ ಮಾಡಿದ್ದಿಲ್ಲೆ. ಮಾಡೇ ಇಲ್ಲೆ. ಆನೇ ಹೇಳ್ತೆ ಒಳಗೆ. ಕೈ ತೆಗೀರಿ."

ಅತ್ತೆಯ ಬಾಯಿ ಅರ್ಧಕ್ಕೇ ತೆರೆದು ನಿಂತಿತ್ತು. ಕೈ ತೆಗೆದರು. ತೆಗೆದ ಕೈಯನ್ನು ಎಲ್ಲಿಡಬೇಕೆಂದು ತಿಳಿಯದೆ ಸೆರಗಿನೊಳಗೆ ಸೇರಿಸಿಕೊಂಡರು.

ಅಷ್ಟರಲ್ಲಿ ನಮ್ಮ ಕೇಸು ಕೂಗಿದರು. ಶಂಕ್ರಪ್ಪನವರು ಆಯಿಯ ಪ್ರಮಾಣಪತ್ರ ಹಿಡಿದು ಎದ್ದು ನಿಂತು, ತಮ್ಮ ಕಕ್ಷಿದಾರರು ಸ್ವತಃ ಎರಡು ಮಾತು ಹೇಳುತ್ತಾರೆ ಎಂದರು. ಹೊರಗೆ ಆದದ್ದು ಅವರಿಗೆ ಗೊತ್ತಿರಲಿಲ್ಲ. ಅಕ್ಕ ಕಟಕಟೆಯಲ್ಲಿ ನಿಂತಳು. ಸಾಹೇಬರು ಕಾಗದದಿಂದ ತಲೆಯೆತ್ತಿ ಮೆತ್ತಗೆ ಕೇಳಿದರು.

"ನಿಮ್ಮ ಅತ್ತೆ ಫೋನ್ ಮಾಡಿ ಸಾವಿನ ಸುದ್ದಿ ಹೇಳಿದರೇನಮ್ಮಾ?"

"ಇಲ್ಲ."

ಶಂಕ್ರಪ್ಪನವರು ತಟ್ಟನೆ ಅವಳ ಕಡೆ ತಿರುಗಿದರು. ಸಾಹೇಬರು ಮತ್ತೆ ಕೇಳಿದರು. "ಯೋಚನೆ ಮಾಡಿ ಹೇಳಿ. ಯಾರಾದರೂ ಹೆದರಿಸಿದರಾ?"

"ಇಲ್ಲ. ಫೋನು ಬರಲಿಲ್ಲ."

"ಹಾಗಾದರೆ ನೀವು ಪ್ರಮಾಣ ಮಾಡಿ ಬರೆದುಕೊಟ್ಟದ್ದು ಸುಳ್ಳು?"

"ಹೌದು."

ಪ್ರಭಾಕರ ಭಾವ ನೆಲ ನೋಡುತ್ತಿದ್ದ. ಸಾಹೇಬರು ಬರೆಸಿದರು: ಅರ್ಜಿ ವಜಾ. ಸುಳ್ಳು ಪ್ರಮಾಣಕ್ಕೆ ಕ್ರಮ ಬೇಡ, ಎಚ್ಚರಿಕೆ ಸಾಕು. ವಾದ ಕೇಳಿ ತೀರ್ಪು. ಇನ್ನು ಮುಂದೆ ಮಗುವನ್ನು ಕರೆತರುವ ಅಗತ್ಯವಿಲ್ಲ.

ಹೊರಗೆ ಬಂದಾಗ ಅವರು ಆಟೋ ಹತ್ತಿಯಾಗಿತ್ತು. ಆಯಿ ಅಕ್ಕನ ತೋಳು ಹಿಡಿದು ಅಲ್ಲಾಡಿಸಿದಳು.

"ಮರುಳು ಹಿಡದ್ದಾ ನಿಂಗೆ? ನಿನ್ನ ಅತ್ತೆ ಸುಳ್ಳು ಹೇಳಿತ್ತು! ಎಲ್ಲರಿಗೂ ಗೊತ್ತಿತ್ತು! ಆಣೆ ಹಾಕಿದ್ರೆ ಅದಕ್ಕೇ ಬಡೀತಿತ್ತು! ನೀ ಎಂತಕ್ಕೆ ಅಡ್ಡ ಹೋದ್ದು?"

"ಅತ್ತೆಗೆ ಬಡೀತಿತ್ತಿಲ್ಲೆ ಆಯಿ," ಎಂದಳು ಅಕ್ಕ. ಅವಳು ಅಳುತ್ತಿರಲಿಲ್ಲ. "ಕೈ ಇಟ್ಟಾಗಿತ್ತು ಕೂಸಿನ ತಲೆ ಮೇಲೆ. ಮಾತೊಂದೇ ಬಾಕಿ ಇತ್ತು."

ಅಪ್ಪಯ್ಯ ಕೋರ್ಟಿನ ಮೆಟ್ಟಿಲ ಮೇಲೆ ಕೂತುಬಿಟ್ಟ.

ಶಂಕ್ರಪ್ಪನವರು ನಮ್ಮ ಹಿಂದೆಯೇ ಬಂದು ನಿಂತಿದ್ದರು. ನಮ್ಮ ಮಾತು ಅವರಿಗೆ ಪೂರ್ತಿ ಹತ್ತುವುದಿಲ್ಲ. "ಏನಂದ್ಲು?" ಎಂದು ನನ್ನನ್ನು ಕೇಳಿದರು. "ಯಾಕ ಹಿಂಗ ಮಾಡಿದ್ಲು?"

ನಾನು ಅವರಿಗೆ ತಿಳಿಯುವ ಕನ್ನಡದಲ್ಲಿ ಹೇಳಿದೆ. ಮಗುವಿನ ತಲೆಯ ಮೇಲೆ ಕೈ ಇಟ್ಟು ಸುಳ್ಳು ಆಣೆ ಹಾಕುವುದರಲ್ಲಿದ್ದರು, ಅದು ಮಗುವಿಗೆ ತಾಗಬಾರದೆಂದು ಮಾಡಿದಳು, ಎಂದೆ.

ವಕೀಲರು ಅಕ್ಕನನ್ನು ನೋಡಿದರು. ಕರಿಕೋಟನ್ನು ಬಿಚ್ಚಿ ತೋಳಿನ ಮೇಲೆ ಹಾಕಿಕೊಂಡರು.

"ಇದನ್ನ," ಎಂದರು, "ಯಾವ ಪ್ರಮಾಣಪತ್ರದಾಗ ಬರೀಲಿವಾ ನಾನು?"